ಸಾಕ್ಷ್ಯಚಿತ್ರದ ಹರಿಕಾರ ರಾಬರ್ಟ್ ಫ್ಲಾಹರ್ಟಿ

ಚಲನಚಿತ್ರಗಳಲ್ಲಿ ಮುಖ್ಯವಾಗಿ ಎರಡು ಬಗೆ. ಒಂದು ಕಥಾಚಿತ್ರ, ಇನ್ನೊಂದು ಸಾಕ್ಷ್ಯಚಿತ್ರ. ಕಥಾಚಿತ್ರದಲ್ಲಿ ನಟನಟಿಯರು ವೇಷ ತೊಟ್ಟು, ಬರೆದುಕೊಟ್ಟ ಮಾತುಗಳನ್ನಾಡಿ, ಕಲ್ಪಿತವಾದ ಬಾಳೊಂದನ್ನು ನಮ್ಮ ಮುಂದೆ ಅಭಿನಯಿಸುತ್ತಾರೆ. ಸಾಕ್ಷ್ಯಚಿತ್ರವಾದರೋ ನಿಜವಾದ ಜನರನ್ನು, ಅವರು ಬಾಳುವ ನೆಲದಲ್ಲಿಯೇ, ಅವರ ನಿತ್ಯದ ದುಡಿಮೆಯ ನಡುವೆಯೇ ತೋರಿಸಲು ಹೊರಡುತ್ತದೆ. ಹೆಸರೇ ಹೇಳುವಂತೆ, ಅದು ಕಂಡದ್ದಕ್ಕೆ ಸಾಕ್ಷಿ ನುಡಿಯಬೇಕು. ಈ ಬಗೆಯ ಚಿತ್ರಕ್ಕೆ ದಾರಿ ತೋರಿದವರಲ್ಲಿ ಅಗ್ರಗಣ್ಯನಾದವನು ಅಮೆರಿಕದ ರಾಬರ್ಟ್ ಫ್ಲಾಹರ್ಟಿ. ಉತ್ತರದ ಹಿಮದ ನಾಡು, ದಕ್ಷಿಣ ಸಾಗರದ ಹಸುರು ದ್ವೀಪ, ಐರ್ಲೆಂಡಿನ ಬೋಳು ಬಂಡೆಗಳು ಇವೆಲ್ಲವನ್ನೂ ಸುತ್ತಿದ ಈತ ನಮ್ಮ ಮೈಸೂರಿಗೂ ಬಂದಿದ್ದನು. ಕಾರಾಪುರದ ಕಾಡಿನಲ್ಲಿ ಆನೆಗಳ ನಡುವೆ ಕ್ಯಾಮೆರಾ ಹೂಡಿ ನಿಂತಿದ್ದನು. ಆದುದರಿಂದ ಇವನ ಬಾಳು ಕನ್ನಡಿಗರಿಗೆ ಪೂರ್ತಿ ಪರಕೀಯವಾದುದಲ್ಲ.

ಫ್ಲಾಹರ್ಟಿ ಹುಟ್ಟಿದುದು 1884ನೆಯ ಇಸವಿ ಫೆಬ್ರವರಿ 16ರಂದು, ಅಮೆರಿಕದ ಮಿಷಿಗನ್ ಸಂಸ್ಥಾನದ ಐರನ್ ಮೌಂಟನ್ ಎಂಬ ಗಣಿಯ ಊರಿನಲ್ಲಿ. ತಂದೆ ಕಬ್ಬಿಣದ ಅದಿರನ್ನು ಹುಡುಕುತ್ತ ಕಾಡುಮೇಡುಗಳಲ್ಲಿ ಅಲೆಯುವ ವೃತ್ತಿಯವನು. ಏಳು ಮಕ್ಕಳಲ್ಲಿ ಹಿರಿಯನಾದ ರಾಬರ್ಟನು ಎಳವೆಯಲ್ಲಿಯೇ ತಂದೆಯ ಸಂಗಡ ಕೆನಡಾದ ಗಣಿಶಿಬಿರಗಳಲ್ಲಿ ಬೆಳೆದನು. ಅಲ್ಲಿ ಗಣಿಗಾರರೂ ಆ ನೆಲದ ಮೂಲನಿವಾಸಿಗಳೂ ಅವನ ನೆರೆಹೊರೆಯವರಾಗಿದ್ದರು. ದೋಣಿ ಹುಟ್ಟುಹಾಕುವುದು, ಹಿಮದಲ್ಲಿ ನಡೆಯುವುದು, ಕಾಡಿನಲ್ಲಿ ದಿಕ್ಕು ತಿಳಿಯುವುದು ಇವೇ ಅವನ ಮೊದಲ ಪಾಠಗಳು. ಮುಂದೆ ಟೊರಾಂಟೊ ನಗರದ ಶಾಲೆಗೂ ಮಿಷಿಗನ್ನಿನ ಗಣಿಗಾರಿಕೆಯ ಕಾಲೇಜಿಗೂ ಸೇರಿದನಾದರೂ ನಾಲ್ಕು ಗೋಡೆಗಳ ನಡುವಿನ ವಿದ್ಯೆ ಅವನಿಗೆ ಒಗ್ಗಲಿಲ್ಲ. ಕಾಲೇಜನ್ನು ಕೆಲವೇ ತಿಂಗಳುಗಳಲ್ಲಿ ಬಿಡಬೇಕಾಯಿತು. ಆದರೆ ಆ ಅವಧಿಯಲ್ಲಿ ಪರಿಚಯವಾದ ಫ್ರಾನ್ಸಿಸ್ ಹಬರ್ಡ್ ಎಂಬ ವಿದ್ಯಾವಂತೆ 1914ರಲ್ಲಿ ಅವನ ಪತ್ನಿಯಾದಳು. ಅನಂತರದ ಅವನ ಕೆಲಸಗಳಲ್ಲಿ ಸಮಭಾಗಿಯಾದಳು.

1910ರಲ್ಲಿ ಕೆನಡಾದ ರೈಲುಮಾರ್ಗಗಳ ನಿರ್ಮಾಪಕನಾದ ಸರ್ ವಿಲಿಯಂ ಮೆಕೆಂಜಿ ಎಂಬ ಶ್ರೀಮಂತನು ಹಡ್ಸನ್ ಕೊಲ್ಲಿಯ ದ್ವೀಪಗಳಲ್ಲಿ ಅದಿರನ್ನು ಹುಡುಕಲು ಫ್ಲಾಹರ್ಟಿಯನ್ನು ಕಳುಹಿಸಿದನು. ನಾಯಿಗಳು ಎಳೆಯುವ ಜಾರುಬಂಡಿಗಳಲ್ಲಿ ಅವನು ಸಾವಿರಾರು ಮೈಲಿ ಸಂಚರಿಸಿದನು. ನಕ್ಷೆಗಳಲ್ಲಿ ಚುಕ್ಕೆಗಳಂತೆ ಮಾತ್ರ ಕಾಣುತ್ತಿದ್ದ ಬೆಲ್ಚರ್ ದ್ವೀಪಗಳ ನಿಜವಾದ ವಿಸ್ತಾರವನ್ನು ತಿಳಿಸಿಕೊಟ್ಟನು. ಆ ದ್ವೀಪಗಳಲ್ಲಿ ದೊಡ್ಡದಕ್ಕೆ ಇಂದಿಗೂ ಅವನ ಹೆಸರೇ ಇದೆ. ಈ ಪಯಣಗಳಲ್ಲಿ ಅವನಿಗೆ ದಾರಿ ತೋರಿದವರು, ಆಹಾರ ಒದಗಿಸಿದವರು, ಪ್ರಾಣ ಕಾಪಾಡಿದವರು ಅಲ್ಲಿನ ಇನುಯಿಟ್ ಜನ. ಹೊರಗಿನವರು ಬಹುಕಾಲ ಇವರನ್ನೇ ಎಸ್ಕಿಮೊಗಳೆಂದು ಕರೆಯುತ್ತಿದ್ದರು. ಅದಿರನ್ನು ಅರಸಿ ಹೋದ ಫ್ಲಾಹರ್ಟಿಗೆ ಸಿಕ್ಕ ನಿಜವಾದ ಸಂಪತ್ತೆಂದರೆ ಈ ಜನರ ಸ್ನೇಹ.

1913ರಲ್ಲಿ ಮೂರನೆಯ ಪಯಣಕ್ಕೆ ಹೊರಟಾಗ, ಒಂದು ಚಲನಚಿತ್ರದ ಕ್ಯಾಮೆರಾವನ್ನೂ ಜೊತೆಗೊಯ್ಯುವಂತೆ ಮೆಕೆಂಜಿ ಸಲಹೆಯಿತ್ತನು. ಫ್ಲಾಹರ್ಟಿ ಮೂರು ವಾರಗಳ ಮಟ್ಟಿಗೆ ಕ್ಯಾಮೆರಾ ನಡೆಸುವುದನ್ನು ಕಲಿತನು. ಚಿತ್ರಕಲೆಯಲ್ಲಿ ಅವನು ಪಡೆದ ಶಾಲಾಶಿಕ್ಷಣ ಅಷ್ಟೆ. ಮುಂದಿನ ವರ್ಷಗಳಲ್ಲಿ ಉತ್ತರದ ಬಾಳನ್ನು ಕುರಿತು ಬಹಳಷ್ಟು ಚಿತ್ರ ತೆಗೆದನು. 1916ರಲ್ಲಿ ಟೊರಾಂಟೊದಲ್ಲಿ ಅದನ್ನು ಸಂಕಲನ ಮಾಡುತ್ತಿದ್ದಾಗ ಅವನ ಕೈಯ ಸಿಗರೇಟಿನ ಕಿಡಿ ಫಿಲ್ಮಿಗೆ ತಾಗಿತು. ಅಂದಿನ ಫಿಲ್ಮು ಥಟ್ಟನೆ ಹೊತ್ತಿಕೊಳ್ಳುವಂಥದು. ಸುಮಾರು 30,000 ಅಡಿಗಳ ನೆಗೆಟಿವ್ ಕ್ಷಣಮಾತ್ರದಲ್ಲಿ ಬೂದಿಯಾಯಿತು. ಸುಟ್ಟಗಾಯಗಳಿಂದ ಅವನು ಆಸ್ಪತ್ರೆ ಸೇರಿದನು.

ಇಂತಹ ದುರಂತದಿಂದ ಬೇರೊಬ್ಬನಾಗಿದ್ದರೆ ಎದೆಗುಂದುತ್ತಿದ್ದನು. ಆದರೆ ಸುಡದೆ ಉಳಿದಿದ್ದ ಒಂದು ಪ್ರತಿಯನ್ನು ಮತ್ತೆ ಮತ್ತೆ ನೋಡಿದ ಫ್ಲಾಹರ್ಟಿಗೆ ತನ್ನ ಕೆಲಸದ ಕೊರತೆಯೇ ಎದ್ದು ಕಂಡಿತು. ಇಲ್ಲೊಂದು ಬೇಟೆ, ಅಲ್ಲೊಂದು ಕುಣಿತ, ಮತ್ತೊಂದೆಡೆ ಹಿಮದ ನೋಟ. ದಾರಿಹೋಕನೊಬ್ಬನು ಕಂಡದ್ದನ್ನೆಲ್ಲ ಗುಡ್ಡೆ ಹಾಕಿದಂತಿದ್ದಿತು ಆ ಚಿತ್ರ. ಅದರಲ್ಲಿ ಮನುಷ್ಯರಿದ್ದರು; ಆದರೆ ಯಾವ ಮನುಷ್ಯನೂ ನೋಡುವವನಿಗೆ ಪರಿಚಿತನಾಗುತ್ತಿರಲಿಲ್ಲ. ಊರನ್ನೆಲ್ಲ ತೋರಿಸಹೊರಡುವ ಬದಲು ಒಂದು ಮನೆಯನ್ನು ತೋರಿಸಬೇಕು, ಒಬ್ಬ ಮನುಷ್ಯನನ್ನೂ ಅವನ ಹೆಂಡಿರುಮಕ್ಕಳನ್ನೂ ಹತ್ತಿರದಿಂದ ಕಾಣಿಸಬೇಕು, ಆಗ ಆ ಒಂದು ಸಂಸಾರದ ಮೂಲಕ ಇಡಿಯ ಜನಾಂಗವೇ ನೋಡುವವನ ಹೃದಯಕ್ಕೆ ಇಳಿಯುತ್ತದೆ ಎಂಬ ಅರಿವು ಅವನಲ್ಲಿ ಮೂಡಿತು. ಸಾಕ್ಷ್ಯಚಿತ್ರದ ಚರಿತ್ರೆಯಲ್ಲಿ ಈ ಅರಿವು ಒಂದು ದೊಡ್ಡ ತಿರುವು.

ಈ ಪ್ರಯೋಗಕ್ಕೆ ಹಣ ಕೊಡುವವರು ಸಿಗಲು ನಾಲ್ಕು ವರ್ಷ ಬೇಕಾಯಿತು. ಕಡೆಗೆ ತುಪ್ಪುಳುಚರ್ಮದ ವ್ಯಾಪಾರ ನಡೆಸುತ್ತಿದ್ದ ರೆವಿಯೋಂ ಫ್ರೇರ್ ಎಂಬ ಫ್ರೆಂಚ್ ಸಂಸ್ಥೆ ಮುಂದೆ ಬಂದಿತು. 1920ರ ಆಗಸ್ಟ್ ತಿಂಗಳಲ್ಲಿ ಫ್ಲಾಹರ್ಟಿ ಹಡ್ಸನ್ ಕೊಲ್ಲಿಯ ದಡದಲ್ಲಿರುವ, ಇಂದು ಇನುಕ್ಜುವಾಕ್ ಎಂದು ಕರೆಯುವ ಊರಿಗೆ ಬಂದಿಳಿದನು. ಅಲ್ಲಿ ಅಲ್ಲಕರಿಯಲ್ಲಕ್ ಎಂಬ ಹೆಸರಾಂತ ಬೇಟೆಗಾರನನ್ನು ಆರಿಸಿಕೊಂಡು, ಚಿತ್ರಕ್ಕಾಗಿ ಅವನಿಗೆ ನಾನೂಕ್ ಎಂಬ ಹೆಸರನ್ನಿಟ್ಟನು. ಆ ಜನರ ನುಡಿಯಲ್ಲಿ ಹಿಮಕರಡಿಗೆ ಇರುವ ಹೆಸರದು.

ಫ್ಲಾಹರ್ಟಿ ಕ್ಯಾಮೆರಾಗಳ ಜೊತೆಗೆ ಫಿಲ್ಮನ್ನು ತೊಳೆದು ಪ್ರತಿ ತೆಗೆಯುವ ಸಲಕರಣೆಗಳನ್ನೂ ಪ್ರೊಜೆಕ್ಟರನ್ನೂ ಒಯ್ದಿದ್ದನು. ಚಳಿಗೆ ಎಣ್ಣೆ ಹೆಪ್ಪುಗಟ್ಟುವುದರಿಂದ, ಎಣ್ಣೆಯ ಬದಲು ಗ್ರಾಫೈಟ್ ಪುಡಿಯಿಂದ ನಡೆಯುವ ಕ್ಯಾಮೆರಾಗಳನ್ನೇ ಆರಿಸಿಕೊಂಡಿದ್ದನು. ಫಿಲ್ಮು ತೊಳೆಯಲು ಆಳೆತ್ತರದ ಮಂಜುಗಡ್ಡೆಯಲ್ಲಿ ರಂಧ್ರ ಕೊರೆದು ನೀರು ಸೇದಬೇಕಾಗಿತ್ತು. ಆ ನೀರಿನಲ್ಲಿ ತೇಲುವ ಜಿಂಕೆಯ ಕೂದಲನ್ನು ಸೋಸಿ ತೆಗೆಯಬೇಕಾಗಿತ್ತು. ತೊಳೆದ ಫಿಲ್ಮನ್ನು ಒಣಗಿಸಲು ಕಡಲು ದಡಕ್ಕೆ ತಂದೊಗೆದ ಕಟ್ಟಿಗೆಯನ್ನು ಆರಿಸಿ ತಂದು ಉರಿ ಹಾಕಬೇಕಾಗಿತ್ತು. ಪ್ರತಿ ತೆಗೆಯಲು ವಿದ್ಯುದ್ದೀಪದ ಬೆಳಕು ಸ್ಥಿರವಾಗಿರದ ಕಾರಣ, ಕಿಟಕಿಯನ್ನು ಮುಚ್ಚಿ, ಫಿಲ್ಮಿನ ಒಂದು ಚೌಕದಷ್ಟು ಕಿಂಡಿಯನ್ನು ಮಾತ್ರ ಬಿಟ್ಟು, ಹಗಲಿನ ಬೆಳಕಿನಲ್ಲಿಯೇ ಕೆಲಸ ನಡೆಸಿದನು. ಈ ಎಲ್ಲ ಕೆಲಸಗಳಲ್ಲಿಯೂ ಇನುಯಿಟ್ ಗೆಳೆಯರು ಅವನ ಸಹಾಯಕರಾದರು.

ಇಷ್ಟೊಂದು ಶ್ರಮಪಟ್ಟು ಅಲ್ಲಿಯೇ ಫಿಲ್ಮು ತೊಳೆಯುವ ಅಗತ್ಯವೇನಿತ್ತು? ತೆಗೆದ ಚಿತ್ರವನ್ನು ಆ ಜನರಿಗೇ ತೋರಿಸಬೇಕೆಂಬುದು ಅವನ ಉದ್ದೇಶ. ವಾಲ್ರಸ್ ಎಂಬ ದೈತ್ಯ ಕಡಲಪ್ರಾಣಿಯ ಬೇಟೆಯ ಚಿತ್ರವನ್ನು ಗುಡಿಸಲೊಂದರಲ್ಲಿ ಮೊದಲ ಬಾರಿ ತೋರಿಸಿದಾಗ, ನೆರೆದ ಜನ ತೆರೆಯ ಮೇಲಿನ ನಾನೂಕನಿಗೆ ನೆರವಾಗಲು ಕೂಗಿಕೊಂಡರು. ಅಂದಿನಿಂದ ಚಿತ್ರವು ಫ್ಲಾಹರ್ಟಿಯೊಬ್ಬನದಾಗಿ ಉಳಿಯದೆ ಅವರೆಲ್ಲರದೂ ಆಯಿತು. ಮುಂದೆ ಯಾವ ಬೇಟೆಯನ್ನು ಹೇಗೆ ತೆಗೆಯಬೇಕೆಂದು ಅವರೇ ಸೂಚಿಸತೊಡಗಿದರು. ಮೊದಲು ಜೊತೆಯಲ್ಲಿ ಬಾಳುವುದು, ಆಮೇಲೆ ಚಿತ್ರ ತೆಗೆಯುವುದು, ತೆಗೆದುದನ್ನು ಅವರ ಮುಂದಿಡುವುದು, ಮುಂಚೆಯೇ ಕಥೆ ಬರೆದುಕೊಳ್ಳದೆ ಬಾಳಿನಿಂದಲೇ ಕಥೆ ಮೂಡುವಂತೆ ಕಾಯುವುದು, ಇದೇ ಫ್ಲಾಹರ್ಟಿಯ ಮಾರ್ಗ.

‘ನಾನೂಕ್ ಆಫ್ ದಿ ನಾರ್ತ್’ ಚಿತ್ರ 1922ರ ಜೂನ್ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ತೆರೆಕಂಡಿತು. ಹಿಮದಿಂದ ಮನೆ ಕಟ್ಟುವ ತಂದೆ, ಮಗುವನ್ನು ತೊಳೆಯುವ ತಾಯಿ, ಪುಟ್ಟ ಬಿಲ್ಲನ್ನು ಹೆದೆಯೇರಿಸಲು ಕಲಿಯುವ ಬಾಲಕ ಇವರನ್ನು ಕಂಡು ದೂರದ ನಗರಗಳ ಜನ ತಮ್ಮದೇ ಮನೆಯವರನ್ನು ಕಂಡಂತೆ ನಲಿದರು. ಚಿತ್ರ ದೇಶದೇಶಗಳಲ್ಲಿ ಕೀರ್ತಿ ಗಳಿಸಿತು. ಆದರೆ ಎರಡು ವರ್ಷಗಳೊಳಗೆ ಅಲ್ಲಕರಿಯಲ್ಲಕನು ಮರಣ ಹೊಂದಿದನು. ಅವನು ಬೇಟೆ ಸಿಗದೆ ಹಸಿವಿನಿಂದ ಸತ್ತನೆಂದು ಆಗ ಪ್ರಚಾರವಾಯಿತು. ಕ್ಷಯರೋಗದಿಂದ ತೀರಿಕೊಂಡಿರಬೇಕೆಂಬುದು ಈಚಿನವರ ಅಭಿಪ್ರಾಯ.

ಕೀರ್ತಿಯ ಬೆನ್ನಿಗೇ ಆಕ್ಷೇಪಣೆಯೂ ಬಂದಿತು. ಅದನ್ನು ಅಲ್ಲಗಳೆಯುವಂತಿಲ್ಲ. ಆ ಕಾಲಕ್ಕಾಗಲೇ ಇನುಯಿಟ್ ಜನ ಬಂದೂಕಿನಿಂದ ಬೇಟೆಯಾಡುತ್ತಿದ್ದರು. ಅಂಗಡಿಯ ಬಟ್ಟೆಗಳನ್ನೂ ತೊಡುತ್ತಿದ್ದರು. ಫ್ಲಾಹರ್ಟಿಯು ಅವರ ಹಿರಿಯರ ಕಾಲದ ಉಡುಪನ್ನೂ ಈಟಿಯ ಬೇಟೆಯನ್ನೂ ಮತ್ತೆ ನಡೆಸಿ ತೋರಿಸುವಂತೆ ಕೇಳಿಕೊಂಡಿದ್ದನು. ಹಿಮದ ಮನೆಯೊಳಗೆ ಬೆಳಕು ಸಾಲದೆ ಅರ್ಧಭಾಗವನ್ನು ಕತ್ತರಿಸಿ ತೆಗೆದು, ಬಯಲಿನ ಚಳಿಯಲ್ಲಿಯೇ ಸಂಸಾರವು ಮಲಗಿ ಏಳುವುದನ್ನು ಚಿತ್ರಿಸಿದ್ದನು. ನಾನೂಕನ ಹೆಂಡತಿಯಾಗಿ ಕಾಣುವವಳು ಅವನ ನಿಜವಾದ ಹೆಂಡತಿಯಲ್ಲ. ವಾಲ್ರಸ್ ಬೇಟೆಯಲ್ಲಿ ಪ್ರಾಣಿಯು ಬೇಟೆಗಾರರನ್ನು ಕಡಲಿಗೆ ಎಳೆಯತೊಡಗಿದಾಗ, ಬಂದೂಕು ಹಾರಿಸುವಂತೆ ಅವರು ಕೂಗಿದರೂ ಕೇಳಿಸದವನಂತೆ ಕ್ಯಾಮೆರಾದ ಹಿಡಿಯನ್ನು ತಿರುಗಿಸುತ್ತಲೇ ಇದ್ದುದನ್ನು ಫ್ಲಾಹರ್ಟಿಯೇ ಮುಂದೆ ಒಪ್ಪಿಕೊಂಡಿದ್ದಾನೆ. ಅಳಿದುಹೋಗುತ್ತಿರುವ ಬಾಳಿನ ಘನತೆಯನ್ನು ಅದು ಪೂರ್ತಿ ಅಳಿಯುವ ಮುನ್ನ ಹಿಡಿದಿಡಬೇಕೆಂಬುದು ಅವನ ಹಂಬಲ. ಆದರೆ ಸತ್ಯವನ್ನು ತೋರಿಸಲು ಸತ್ಯವನ್ನು ಎಷ್ಟರಮಟ್ಟಿಗೆ ಬದಲಿಸಬಹುದು? ನಂಬಿ ಜೊತೆಗೆ ಬಂದವರನ್ನು ಎಷ್ಟರಮಟ್ಟಿಗೆ ಅಪಾಯಕ್ಕೆ ಒಡ್ಡಬಹುದು? ಈ ಪ್ರಶ್ನೆಗಳು ಅವನನ್ನು ಬಾಳಿನುದ್ದಕ್ಕೂ ಹಿಂಬಾಲಿಸಿದವು.

1923ರಲ್ಲಿ ಅವನು ಹೆಂಡತಿ ಮಕ್ಕಳೊಡನೆ ದಕ್ಷಿಣ ಸಾಗರದ ಸಮೋವಾ ದ್ವೀಪಗಳಿಗೆ ಹೋಗಿ, ಸವಾಯಿ ಎಂಬ ದ್ವೀಪದ ಸಫೂನೆ ಹಳ್ಳಿಯಲ್ಲಿ ಒಂದು ವರ್ಷಕ್ಕೂ ಮಿಕ್ಕಿ ನೆಲೆಸಿದನು. ಅದರ ಫಲವೇ 1926ರಲ್ಲಿ ಹೊರಬಂದ ‘ಮೊಆನಾ’. ಈ ಚಿತ್ರವನ್ನು ವಿಮರ್ಶಿಸುತ್ತ ಜಾನ್ ಗ್ರಿಯರ್ಸನ್ ಎಂಬ ತರುಣ ಲೇಖಕನು, ಇಂತಹ ಚಿತ್ರಕ್ಕೆ ದಾಖಲೆಯ ಮೌಲ್ಯವಿದೆಯೆಂಬ ಅರ್ಥದಲ್ಲಿ ‘ಡಾಕ್ಯುಮೆಂಟರಿ’ ಎಂಬ ಪದವನ್ನು ಬಳಸಿದನು. ಆ ಪದವೇ ಮುಂದೆ ಈ ಬಗೆಯ ಚಿತ್ರಗಳಿಗೆಲ್ಲ ಹೆಸರಾಯಿತು. ಅನಂತರ 1932ರಿಂದ ಫ್ಲಾಹರ್ಟಿಯು ಐರ್ಲೆಂಡಿನ ಪಶ್ಚಿಮಕ್ಕಿರುವ ಅರಾನ್ ದ್ವೀಪಗಳಲ್ಲಿ ನೆಲೆಸಿ, ಮಣ್ಣೇ ಇಲ್ಲದ ಬಂಡೆಗಳ ಮೇಲೆ ಕಡಲಪಾಚಿಯನ್ನೂ ಮರಳನ್ನೂ ಹರಡಿ ಆಲೂಗೆಡ್ಡೆ ಬೆಳೆಯುವ ಜನರನ್ನು ಕುರಿತು ‘ಮ್ಯಾನ್ ಆಫ್ ಅರಾನ್’ ಚಿತ್ರವನ್ನು ತೆಗೆದನು. 1934ರಲ್ಲಿ ವೆನಿಸ್ ನಗರದ ಚಿತ್ರೋತ್ಸವದಲ್ಲಿ ಅದಕ್ಕೆ ಶ್ರೇಷ್ಠ ಪ್ರಶಸ್ತಿ ದೊರೆಯಿತು. ಆದರೆ ಇಲ್ಲಿಯೂ, ಎಂದೋ ನಿಂತುಹೋಗಿದ್ದ ಶಾರ್ಕ್ ಬೇಟೆಯನ್ನು ಆ ಜನರಿಗೆ ಹೊಸದಾಗಿ ಕಲಿಸಬೇಕಾಯಿತು. ಬಿರುಗಾಳಿಯ ಕಡಲಿಗೆ ದೋಣಿಗಳನ್ನು ಇಳಿಸುವಂತೆ ಕೇಳಿದುದು ದೊಡ್ಡ ತಪ್ಪೆಂದು ಅವನೇ ಮುಂದೆ ಪಶ್ಚಾತ್ತಾಪ ಪಟ್ಟನು.

1935ರಲ್ಲಿ ಫ್ಲಾಹರ್ಟಿ ಭಾರತಕ್ಕೆ ಬಂದನು. ಎಳೆಯ ಬಾಲಕನಿಗೂ ದೊಡ್ಡ ಪ್ರಾಣಿಗೂ ಇರುವ ಗೆಳೆತನವನ್ನು ಚಿತ್ರಿಸಬೇಕೆಂಬ ಆಸೆ ಅವನಲ್ಲಿ ಬಹುಕಾಲದಿಂದ ಇದ್ದಿತು. ಲಂಡನ್ನಿನ ಚಿತ್ರನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾ ಇದಕ್ಕೆ ಹಣ ತೊಡಗಿಸಲು ಒಪ್ಪಿದನು. ರಡ್ಯಾರ್ಡ್ ಕಿಪ್ಲಿಂಗನ ಆನೆಯ ಕಥೆಯೊಂದನ್ನು ಆಧಾರವಾಗಿ ಇರಿಸಿಕೊಳ್ಳಲಾಯಿತು. ಆನೆಗಳನ್ನು ಅರಸಿದ ತಂಡ ಮೈಸೂರು ಸಂಸ್ಥಾನಕ್ಕೆ ಬಂದಿತು. ಮಹಾರಾಜರಾದ ನಾಲ್ವಡಿ ಕೃಷ್ಣರಾಜ ಒಡೆಯರು ಚಿತ್ತರಂಜನ ಮಹಲನ್ನು ಅವರ ವಾಸಕ್ಕೆ ಬಿಟ್ಟುಕೊಟ್ಟರು. ಅರಮನೆಯ ಆನೆಗಳೂ ಮಾವುತರೂ ಅವರಿಗೆ ಒದಗಿದರು.

ಅರಮನೆಯ ಆನೆಲಾಯದಲ್ಲಿ ತಂಡದವರ ಕಣ್ಣಿಗೆ ಬಿದ್ದವನು ಸಾಬು ಎಂಬ ಬಾಲಕ. ಕಾರಾಪುರದಲ್ಲಿ ಹುಟ್ಟಿದ, ಮಾವುತನೊಬ್ಬನ ಮಗನಾದ ಈ ಹುಡುಗ ತಂದೆಯನ್ನು ಕಳೆದುಕೊಂಡು ಆನೆಲಾಯದ ಆಶ್ರಯದಲ್ಲಿ ಬೆಳೆಯುತ್ತಿದ್ದನು. ಆಗ ಅವನಿಗೆ ಹನ್ನೊಂದು ವರ್ಷ. ಬೆಟ್ಟದಂತಹ ಆನೆಯ ಕುತ್ತಿಗೆಯ ಮೇಲೆ ಅವನು ನಿರ್ಭಯವಾಗಿ ಕುಳಿತು ನಡೆಸುವುದನ್ನು ಕಂಡು ಎಲ್ಲರೂ ಬೆರಗಾದರು. ನಟನೆಯ ಗಂಧವೇ ಇಲ್ಲದ ಆ ಹುಡುಗನೇ ಚಿತ್ರದ ನಾಯಕನಾದನು. ಐರಾವತ ಎಂಬ ದೊಡ್ಡ ಆನೆ ಅವನ ಜೊತೆಗಾರನಾಯಿತು. ಫ್ರಾನ್ಸಿಸ್ ಆಕೆ ಮೈಸೂರಿನಿಂದ ತನ್ನ ಹೆಣ್ಣುಮಕ್ಕಳಿಗೆ ಬರೆದ ಪತ್ರಗಳು 1937ರಲ್ಲಿ ‘ಎಲಿಫೆಂಟ್ ಡಾನ್ಸ್’ ಎಂಬ ಪುಸ್ತಕವಾಗಿ ಪ್ರಕಟವಾದವು.

ಅಂದು ಮೈಸೂರು ಸೀಮೆಯಲ್ಲಿ ಕಾಡಾನೆಗಳನ್ನು ಖೆಡ್ಡಾ ಎಂಬ ವಿಧಾನದಿಂದ ಹಿಡಿಯುತ್ತಿದ್ದರು. ನೂರಾರು ಜನ ಕಾಡನ್ನು ಸುತ್ತುವರಿದು, ತಮಟೆ ಬಾರಿಸಿ, ಪಂಜು ಹಿಡಿದು, ಆನೆಯ ಹಿಂಡನ್ನು ಮೆಲ್ಲಮೆಲ್ಲನೆ ನದಿಯತ್ತ ಅಟ್ಟಿ, ಬಲವಾದ ಮರದ ಆವರಣದೊಳಗೆ ಕೂಡುತ್ತಿದ್ದರು. ಆಮೇಲೆ ಪಳಗಿದ ಆನೆಗಳ ನೆರವಿನಿಂದ ಅವುಗಳನ್ನು ಕಟ್ಟಿ ತರುತ್ತಿದ್ದರು. ಕಾರಾಪುರದ ಕಾಡಿನಲ್ಲಿ ಇಂತಹ ಖೆಡ್ಡಾವನ್ನು ಫ್ಲಾಹರ್ಟಿಯ ತಂಡ ಚಿತ್ರಿಸಿತು.

ಆದರೆ ಫ್ಲಾಹರ್ಟಿಯ ಮಾರ್ಗಕ್ಕೂ ದೊಡ್ಡ ನಿರ್ಮಾಣ ಸಂಸ್ಥೆಯ ಮಾರ್ಗಕ್ಕೂ ಹೊಂದಿಕೆಯಾಗಲಿಲ್ಲ. ಕಾಡಿನ ಬಾಳಿನಿಂದ ಕಥೆ ತಾನಾಗಿ ಮೂಡಲೆಂದು ಅವನು ತಿಂಗಳುಗಟ್ಟಲೆ ಕಾಯುವವನು. ಸಂಸ್ಥೆಗಾದರೋ ನಿಗದಿಯಾದ ಕಥೆ ಬೇಕು, ನಿಗದಿಯಾದ ದಿನಕ್ಕೆ ಚಿತ್ರ ಬೇಕು. ಕೋರ್ಡಾನ ತಮ್ಮನಾದ ಜೋಲ್ಟಾನ್ ಕೋರ್ಡಾ ಲಂಡನ್ನಿನಿಂದ ಬಂದು ಕೆಲಸದಲ್ಲಿ ಪಾಲುಗೊಂಡನು. 1936ರಲ್ಲಿ ತಂಡ ಇಂಗ್ಲೆಂಡಿಗೆ ಮರಳಿದ ಮೇಲೆ ಕಥೆಯ ಬಹುಭಾಗವನ್ನು ಅಲ್ಲಿನ ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ನಟರನ್ನು ಇಟ್ಟುಕೊಂಡು ಚಿತ್ರಿಸಲಾಯಿತು. ಹೀಗೆ 1937ರಲ್ಲಿ ಹೊರಬಂದ ‘ಎಲಿಫೆಂಟ್ ಬಾಯ್’ ಚಿತ್ರದಲ್ಲಿ ಮೈಸೂರಿನ ನಿಜವಾದ ಕಾಡೂ ಸ್ಟುಡಿಯೋದ ಕಾಡೂ ಬೆರೆತುಹೋಗಿವೆ. ಅದಕ್ಕೆ ವೆನಿಸ್‌ನಲ್ಲಿ ನಿರ್ದೇಶನದ ಪ್ರಶಸ್ತಿ ಬಂದಿತು. ಸಾಬು ಜಗದ್ವಿಖ್ಯಾತನಾಗಿ, ಮುಂದೆ ಅಮೆರಿಕದಲ್ಲಿ ನೆಲೆಸಿ, ಹಲವು ಚಿತ್ರಗಳಲ್ಲಿ ನಟಿಸಿ, 1963ರಲ್ಲಿ ತೀರಿಕೊಂಡನು. ಆದರೂ ಫ್ಲಾಹರ್ಟಿಯ ಪಾಲಿಗೆ ಆ ಚಿತ್ರ ಪೂರ್ತಿಯಾಗಿ ತನ್ನದೆನ್ನುವಂಥದಾಗಲಿಲ್ಲ.

ಪರದೇಶಗಳಲ್ಲಿ ಬಹುಕಾಲ ಕಳೆದ ಫ್ಲಾಹರ್ಟಿ 1939ರಲ್ಲಿ ತಾಯ್ನಾಡಿಗೆ ಮರಳಿದನು. ಅಮೆರಿಕ ಸರ್ಕಾರದ ಕೃಷಿ ಇಲಾಖೆಯ ಪರವಾಗಿ ‘ದಿ ಲ್ಯಾಂಡ್’ ಎಂಬ ಚಿತ್ರವನ್ನು ತೆಗೆಯುವ ಕೆಲಸ ಅವನಿಗೆ ಬಂದಿತು. ಮೇಲ್ಮಣ್ಣು ಕೊಚ್ಚಿಹೋಗಿ ಬರಡಾದ ಹೊಲಗಳು, ಯಂತ್ರಗಳು ಬಂದು ಕೆಲಸ ಕಳೆದುಕೊಂಡ ಕೂಲಿಗಾರರು, ಹಳೆಯ ಕಾರುಗಳಲ್ಲಿ ಸಾಮಾನು ತುಂಬಿಕೊಂಡು ಊರೂರು ಅಲೆಯುವ ಸಂಸಾರಗಳು ಅವನ ಕಣ್ಣಿಗೆ ಬಿದ್ದವು. ಒಂದು ದೃಶ್ಯದಲ್ಲಿ ಕೂಲಿಯ ಮನೆಯ ಬಾಲಕನೊಬ್ಬನು ಗಾಢನಿದ್ರೆಯಲ್ಲಿದ್ದಾನೆ. ನಿದ್ರೆಯಲ್ಲಿಯೂ ಅವನ ಕೈಬೆರಳುಗಳು ಬಟಾಣಿಯ ಕೆಲಸ ಮಾಡುವಂತೆ ಅಲುಗಾಡುತ್ತಿವೆ. ಇಲ್ಲಿ ಯಾರಿಗೂ ಹಳೆಯ ಉಡುಪು ತೊಡಿಸಲಿಲ್ಲ. ನಿಂತುಹೋದ ಬೇಟೆಯನ್ನು ಮತ್ತೆ ಆಡಿಸಲಿಲ್ಲ. ಅರಾನ್ ದ್ವೀಪದ ಬಡತನದ ಕಾರಣಗಳನ್ನು ತೋರಿಸದೆ ಬಿಟ್ಟನೆಂದು ಅವನನ್ನು ದೂರಿದವರಿದ್ದರು. ಆ ದೂರಿಗೆ ಈ ಚಿತ್ರವೇ ಉತ್ತರದಂತಿದೆ. ಆದರೆ 1942ರಲ್ಲಿ ಅದು ಮುಗಿಯುವ ವೇಳೆಗೆ ಅಮೆರಿಕ ಮಹಾಯುದ್ಧಕ್ಕೆ ಇಳಿದಿತ್ತು. ದೇಶದ ದೈನ್ಯವನ್ನು ತೋರಿಸುವ ಆ ಚಿತ್ರ ಹೆಚ್ಚು ಜನರನ್ನು ಮುಟ್ಟಲಿಲ್ಲ.

ಅವನ ಕೊನೆಯ ದೊಡ್ಡ ಕೃತಿ 1948ರ ‘ಲೂಯಿಸಿಯಾನಾ ಸ್ಟೋರಿ’. ಜೌಗುನೆಲದ ನಾಡಿನಲ್ಲಿ ಪುಟ್ಟ ದೋಣಿಯೇರಿ ಅಲೆಯುವ ಒಬ್ಬ ಬಾಲಕನ ಬಾಳಿಗೆ ಎಣ್ಣೆಬಾವಿಯ ಯಂತ್ರಗಳು ಬರುವುದೇ ಅದರ ವಸ್ತು. ಇದಕ್ಕೆ ಹಣ ಕೊಟ್ಟುದೂ ಒಂದು ಎಣ್ಣೆಯ ಸಂಸ್ಥೆಯೇ. ಈ ಚಿತ್ರದಲ್ಲಿ ಅವನ ಛಾಯಾಗ್ರಾಹಕನಾಗಿದ್ದ ರಿಚರ್ಡ್ ಲೀಕಾಕ್, ಮುಂದೆ ಕೈಯಲ್ಲಿ ಹಿಡಿದು ನಡೆಯಬಹುದಾದ ಹಗುರವಾದ ಕ್ಯಾಮೆರಾಗಳಿಂದ, ನಡೆದುದನ್ನು ನಡೆದಂತೆಯೇ ತೋರಿಸುವ ಹೊಸ ಪಂಥವನ್ನು ಕಟ್ಟಿದವರಲ್ಲಿ ಒಬ್ಬನಾದನು.

1951ರ ಜುಲೈ 23ರಂದು ಫ್ಲಾಹರ್ಟಿ ವರ್ಮಾಂಟ್ ಸಂಸ್ಥಾನದ ತನ್ನ ತೋಟದ ಮನೆಯಲ್ಲಿ ಕಣ್ಮುಚ್ಚಿದನು. 1955ರಲ್ಲಿ ಫ್ರಾನ್ಸಿಸ್ ಅದೇ ಮನೆಯಲ್ಲಿ ಚಿತ್ರಕಾರರನ್ನು ಕೂಡಿಸಿ ವಿಚಾರಗೋಷ್ಠಿಯೊಂದನ್ನು ಆರಂಭಿಸಿದಳು. ತೆಗೆದ ಚಿತ್ರವನ್ನು ಮೊದಲು ಅದರಲ್ಲಿರುವವರಿಗೇ ತೋರಿಸುವ ಅವನ ಪದ್ಧತಿಯನ್ನು ಫ್ರಾನ್ಸಿನ ಜಾನ್ ರೂಶ್ ಮೊದಲಾದ ಚಿತ್ರಕಾರರು ಆಫ್ರಿಕದ ಹಳ್ಳಿಗಳಲ್ಲಿ ಮುಂದುವರಿಸಿದರು. ಅವನ ಮಗಳು ಮೋನಿಕಾ, ಬಾಲ್ಯದಲ್ಲಿ ತಾನು ಕಂಡಿದ್ದ ಸಮೋವಾಕ್ಕೆ ಐವತ್ತು ವರ್ಷಗಳ ಬಳಿಕ ಮರಳಿ, ಅಲ್ಲಿನ ಮಾತನ್ನೂ ಹಾಡನ್ನೂ ಮುದ್ರಿಸಿ ತಂದು, ತಂದೆಯ ಮೂಕಚಿತ್ರಕ್ಕೆ ದನಿ ನೀಡಿದಳು.

ಮೈಸೂರು ಸೀಮೆಯ ಕೊನೆಯ ಖೆಡ್ಡಾ ನಡೆದುದು 1971ರಲ್ಲಿ. ಕಾಕನಕೋಟೆಯ ಆ ಹಳೆಯ ಪ್ರದೇಶದ ಬಹುಭಾಗ ಈಗ ಕಬಿನಿ ಜಲಾಶಯದ ನೀರಿನಡಿಯಲ್ಲಿದೆ. ತಮಟೆಯ ಸದ್ದಿಗೆ ಬೆದರಿ ನದಿಗಿಳಿದ ಆನೆಗಳಾಗಲಿ, ಅವನ್ನು ಅಟ್ಟಿದ ಜನರಾಗಲಿ ಇಂದು ಇಲ್ಲ. ಅವರ ಚಲನವಲನಗಳು ಫ್ಲಾಹರ್ಟಿಯ ಫಿಲ್ಮಿನಲ್ಲಿ ಉಳಿದಿವೆ. ಆ ಚಿತ್ರದ ಕಥೆ ಕಲ್ಪಿತವಾದುದು. ಆ ಆನೆಗಳು ಮಾತ್ರ ನಿಜ.

ಇಂದು ಕ್ಯಾಮೆರಾ ಎಲ್ಲರ ಕೈಗೂ ಬಂದಿದೆ. ಮಂಜುಗಡ್ಡೆ ಕೊರೆದು ನೀರು ಸೇದುವ ಕಷ್ಟ ಯಾರಿಗೂ ಇಲ್ಲ. ಒಂದು ಗಳಿಗೆಯಲ್ಲಿ ಚಿತ್ರ ತೆಗೆದು ಮರುಗಳಿಗೆಯಲ್ಲಿ ಊರಿಗೆಲ್ಲ ಕಳುಹಿಸಬಹುದು. ಆದರೆ ಫ್ಲಾಹರ್ಟಿಯ ಬಾಳು ಕಲಿಸುವ ಎರಡು ಪಾಠಗಳು ಹಳತಾಗಿಲ್ಲ. ಒಬ್ಬರ ಬಾಳನ್ನು ಚಿತ್ರಿಸುವವನು ಮೊದಲು ಅವರ ನೆರೆಯವನಾಗಬೇಕು, ಅವರ ವಿಶ್ವಾಸವನ್ನು ಗಳಿಸಬೇಕು ಎಂಬುದು ಅವನ ಗೆಲುವಿನಿಂದ ತಿಳಿಯುವ ಪಾಠ. ಹಾಗೆ ಗಳಿಸಿದ ವಿಶ್ವಾಸಕ್ಕೆ ಎರವಾಗಬಾರದು, ಚೆಂದದ ಚಿತ್ರಕ್ಕಾಗಿ ಸತ್ಯವನ್ನೂ ಮನುಷ್ಯನನ್ನೂ ಅಪಾಯಕ್ಕೆ ಒಡ್ಡಬಾರದು ಎಂಬುದು ಅವನ ತಪ್ಪುಗಳಿಂದ ತಿಳಿಯುವ ಪಾಠ. ತನ್ನ ತಪ್ಪುಗಳಲ್ಲಿ ಕೆಲವನ್ನಾದರೂ ತಾನೇ ಒಪ್ಪಿಕೊಂಡುದರಿಂದ, ಅವನ ಹಿಂದೆ ಬಂದವರು ಆ ಎರಡನೆಯ ಪಾಠವನ್ನೂ ಅವನಿಂದಲೇ ಕಲಿಯುವಂತಾಯಿತು.